ಹತ್ತು ದಿನದ ಹೆಪ್ಪು, ಕಾರವಾರದಲ್ಲಿ ಆರೇ ದಿನ: ಒಂದು ಸಿಹಿ ಬ್ರೆಡ್ಡಿನ ಬಾಟಲಿಯ ವಿಮರ್ಶೆ

ಕಳೆದ ಏಪ್ರಿಲ್‌ನಲ್ಲಿ, ಕಾರವಾರದಲ್ಲಿ ಮನೆಯಲ್ಲಿಯೇ ಕೇಕು, ಬಿಸ್ಕತ್ತು ಮಾಡಿ ಮಾರುವ ಒಬ್ಬ ಹೆಣ್ಣುಮಗಳಿಂದ ನಾನು ಒಂದು ಗಾಜಿನ ಬಾಟಲಿಯನ್ನು ಕೊಂಡು ತಂದೆ. ಅದರೊಳಗೆ ಒಂದು ಕಪ್ಪಿನಷ್ಟು, ದೋಸೆ ಹಿಟ್ಟಿಗಿಂತ ತುಸು ಮಂದವಾದ, ಬೆಣ್ಣೆಯ ಬಣ್ಣದ, ಸಣ್ಣ ಗುಳ್ಳೆಗಳು ಮೇಲೇಳುತ್ತಿದ್ದ ಹಿಟ್ಟು ಇತ್ತು. ಬಾಟಲಿಯ ಜೊತೆಗೆ ಕೈಬರಹದ ಒಂದು ಹಾಳೆಯನ್ನೂ, ದಾಲ್ಚಿನ್ನಿ ಪುಡಿ, ಬೇಕಿಂಗ್ ಪೌಡರ್, ಅಡಿಗೆ ಸೋಡಾ ಮತ್ತು ಕಸ್ಟರ್ಡ್ ಪೌಡರ್ ಇದ್ದ ಪೊಟ್ಟಣಗಳನ್ನೂ ಕೊಟ್ಟರು. ಎಲ್ಲ ಸೇರಿ 180 ರೂಪಾಯಿ. ಒಂದು ಸಲ ತಿಂದು ನೋಡಿ ಅಭಿಪ್ರಾಯ ಹೇಳಬಹುದಾದ ಪದಾರ್ಥ ಇದಲ್ಲ. ಆದ್ದರಿಂದ ಬೇಸಿಗೆ, ಮಳೆಗಾಲ ಮತ್ತು ಚಳಿಗಾಲದ ಆರಂಭ ಮೂರನ್ನೂ ದಾಟಿಸಿ, ಎಂಟು ತಿಂಗಳು ಆ ಹಿಟ್ಟನ್ನು ಸಾಕಿ, ಎರಡು ಬಾರಿ ಕಳೆದುಕೊಂಡು, ಮೂರನೆಯ ಬಾರಿ ಉಳಿಸಿಕೊಂಡ ಮೇಲೆ ಈ ವಿಮರ್ಶೆಯನ್ನು ಬರೆಯುತ್ತಿದ್ದೇನೆ.

ಅಮೆರಿಕದಲ್ಲಿ ಇದನ್ನು ಅಮಿಷ್ ಫ್ರೆಂಡ್‌ಶಿಪ್ ಬ್ರೆಡ್ ಎಂದು ಕರೆಯುತ್ತಾರೆ. ಜರ್ಮನಿಯಲ್ಲಿ ಇಂಥದೇ ಒಂದು ಹಿಟ್ಟು ಹರ್ಮನ್ ಎಂಬ ಹೆಸರಿನಿಂದ ಮನೆಮನೆ ತಿರುಗಿದೆ. ನಮ್ಮ ಮಾತಿನಲ್ಲಿ ಹೇಳುವುದಾದರೆ ಇದು ಹೆಪ್ಪು. ಮೊಸರು ಪೂರ್ತಿ ಖರ್ಚಾದ ಸಂಜೆ ಬಟ್ಟಲು ಹಿಡಿದು ಪಕ್ಕದ ಮನೆಗೆ ಹೋಗಿ ಒಂದು ಚಮಚ ಹೆಪ್ಪು ತಂದವರಿಗೆ ಈ ಬಾಟಲಿಯ ತತ್ವವನ್ನು ಬೇರೆಯಾಗಿ ವಿವರಿಸಬೇಕಾಗಿಲ್ಲ. ವ್ಯತ್ಯಾಸ ಇರುವುದು ಒಂದೇ ಕಡೆ: ಮೊಸರಿನ ಹೆಪ್ಪನ್ನು ಬೇಕಾದವರು ಬಂದು ಕೇಳುತ್ತಾರೆ, ಇದನ್ನಾದರೆ ಇಟ್ಟುಕೊಂಡವರೇ ಹೊರಟು ಹಂಚಬೇಕು.

ಹಾಳೆಯಲ್ಲಿದ್ದ ಕ್ರಮ ಹೀಗಿತ್ತು. ಮೊದಲ ದಿನ ಏನೂ ಮಾಡಬಾರದು. ಎರಡರಿಂದ ಐದನೆಯ ದಿನದವರೆಗೆ ದಿನಕ್ಕೊಮ್ಮೆ ಕದಡಬೇಕು. ಆರನೆಯ ದಿನ ಒಂದು ಕಪ್ ಮೈದಾ, ಒಂದು ಕಪ್ ಸಕ್ಕರೆ, ಒಂದು ಕಪ್ ಹಾಲು ಸೇರಿಸಬೇಕು. ಒಂಬತ್ತನೆಯ ದಿನದವರೆಗೆ ಮತ್ತೆ ಬರಿಯ ಕದಡುವಿಕೆ. ಹತ್ತನೆಯ ದಿನ ಅದೇ ಮೂರನ್ನೂ ಮತ್ತೊಂದೊಂದು ಕಪ್ ಹಾಕಿ, ನಾಲ್ಕು ಕಪ್ ಹಿಟ್ಟನ್ನು ತೆಗೆದಿರಿಸಿ, ಮೂರನ್ನು ಮೂರು ಮನೆಗಳಿಗೆ ಕೊಟ್ಟು ಒಂದನ್ನು ತಾವು ಇಟ್ಟುಕೊಂಡು, ತಳದಲ್ಲಿ ಉಳಿದ ಸುಮಾರು ಒಂದು ಕಪ್ಪಿನಿಂದ ಆ ದಿನದ ಬ್ರೆಡ್ಡನ್ನು ಬೇಯಿಸಬೇಕು. ಬ್ರೆಡ್ಡಿಗೆ ಬೇಕಾದುದು ಎರಡು ಕಪ್ ಮೈದಾ, ಒಂದು ಕಪ್ ಸಕ್ಕರೆ, ಒಂದು ಕಪ್ ಎಣ್ಣೆ, ಅರ್ಧ ಕಪ್ ಹಾಲು, ಮೂರು ಮೊಟ್ಟೆ ಮತ್ತು ಪೊಟ್ಟಣಗಳಲ್ಲಿ ಕೊಟ್ಟ ಪುಡಿಗಳು. ಎರಡು ಲೋಫ್ ಟಿನ್‌ಗಳಿಗೆ ಎಣ್ಣೆ ಸವರಿ, ದಾಲ್ಚಿನ್ನಿ ಬೆರೆಸಿದ ಸಕ್ಕರೆಯನ್ನು ಒಳಗೋಡೆಗೆ ಉದುರಿಸಿ, ಹಿಟ್ಟು ಹೊಯ್ದು, 160 ಡಿಗ್ರಿ ಸೆಲ್ಸಿಯಸ್‌ನಲ್ಲಿ ಒಂದು ಗಂಟೆ ಬೇಯಿಸಬೇಕು.

ನಾನು ಹಾಳೆಯನ್ನು ಅಕ್ಷರಶಃ ಪಾಲಿಸಿದೆ, ಮತ್ತು ಮೊದಲ ಬ್ರೆಡ್ಡು ಹಾಳಾಯಿತು. ನಾಲ್ಕನೆಯ ದಿನಕ್ಕೇ ಹಿಟ್ಟಿನ ಮೇಲೆ ತಿಳಿನೀರು ನಿಂತು, ಮುಚ್ಚಳ ಸಡಿಲಿಸಿದರೆ ಕಳ್ಳಿನ ವಾಸನೆ ಮೂಗಿಗೆ ಬಡಿಯುತ್ತಿತ್ತು. ಆರನೆಯ ದಿನ ಹೊಸದಾಗಿ ಮೈದಾ, ಸಕ್ಕರೆ, ಹಾಲು ಬಿದ್ದ ರಾತ್ರಿಯೇ ಅದು ಉಬ್ಬಿ ಬಾಟಲಿಯ ಬಾಯಿಯಿಂದ ಇಳಿದು ಕಟ್ಟೆಯ ಮೇಲೆಲ್ಲ ಹರಿದಿತ್ತು. ಹತ್ತನೆಯ ದಿನ ಬೇಯಿಸಿದ ಬ್ರೆಡ್ಡು ಒತ್ತಾಗಿ, ನಡುವೆ ತಗ್ಗಾಗಿ, ಸಿಹಿಯ ಹಿಂದೆಯೇ ನಾಲಿಗೆಯನ್ನು ಕಡಿಯುವಂಥ ಹುಳಿಯನ್ನು ಹೊತ್ತು ಬಂತು. ಮಾರಿದವರದಾಗಲಿ ನನ್ನದಾಗಲಿ ಕೈತಪ್ಪು ಅಲ್ಲಿರಲಿಲ್ಲ ಎಂಬುದು ಲೆಕ್ಕ ಹಾಕಿ ನೋಡಿದಾಗ ತಿಳಿಯಿತು. ಹತ್ತು ದಿನದ ಆ ಪಂಚಾಂಗ ಬರೆದದ್ದು 20 ಡಿಗ್ರಿಯ ಸುತ್ತಮುತ್ತ ಇರುವ ಅಡಿಗೆಮನೆಗಳಿಗೆ. ಏಪ್ರಿಲ್ ಕೊನೆಯ ವಾರದಲ್ಲಿ ನನ್ನ ಅಡಿಗೆಮನೆಯ ಗೋಡೆಗೆ ತೂಗುಹಾಕಿದ ಉಷ್ಣಮಾಪಕ ರಾತ್ರಿ ಒಂಬತ್ತಕ್ಕೂ 31 ತೋರಿಸುತ್ತಿತ್ತು. ಉಷ್ಣತೆ 10 ಡಿಗ್ರಿ ಏರಿದರೆ ಇಂಥ ಜೀವಕ್ರಿಯೆಗಳ ವೇಗ ಸುಮಾರಾಗಿ ಇಮ್ಮಡಿಯಾಗುತ್ತದೆ. ಅಲ್ಲಿಯ ಹತ್ತು ದಿನ ಎಂದರೆ ಇಲ್ಲಿಯ ಐದಾರು ದಿನ. ಹಾಗಾಗಿ ನಾನು ಬೇಯಿಸಿದ್ದು ಹತ್ತು ದಿನದ ಹಿಟ್ಟನ್ನಲ್ಲ, ಇಪ್ಪತ್ತು ದಿನದ ಹಿಟ್ಟನ್ನು.

ಬಾಟಲಿಯೊಳಗೆ ನಡೆಯುವುದನ್ನು ಸ್ವಲ್ಪ ಬಿಡಿಸಿ ಹೇಳಿದರೆ ಕೊಳ್ಳುವವರಿಗೆ ಉಪಯೋಗವಾದೀತು. ಅಲ್ಲಿ ಕೂಡಿ ಬಾಳುವವು ಎರಡು ಬಗೆಯ ಸೂಕ್ಷ್ಮಜೀವಿಗಳು. ಯೀಸ್ಟ್ ಸಕ್ಕರೆಯನ್ನು ಒಡೆದು ತಿಂದು ಇಂಗಾಲದ ಡೈಆಕ್ಸೈಡನ್ನೂ ಅಷ್ಟಿಷ್ಟು ಮದ್ಯಸಾರವನ್ನೂ ಬಿಡುತ್ತದೆ. ಗುಳ್ಳೆಗಳು, ಆ ಕಳ್ಳಿನ ವಾಸನೆ ಅದರ ಕೆಲಸ. ಮೊಸರಿನಲ್ಲಿರುವಂಥ ಲ್ಯಾಕ್ಟಿಕ್ ಬ್ಯಾಕ್ಟೀರಿಯಾಗಳು ಹಾಲಿನ ಸಕ್ಕರೆಯನ್ನು ಹುಳಿಯಾಗಿಸುತ್ತವೆ. ಹಾಲನ್ನು ಹೊರಗೆ ಇಟ್ಟರೂ ಕೆಡದಿರುವುದು ಈ ಹುಳಿಯ ಕಾವಲಿನಿಂದ. ಎಲ್ಲಿಯವರೆಗೆ ಎರಡೂ ಹದದಲ್ಲಿರುತ್ತವೆಯೋ ಅಲ್ಲಿಯವರೆಗೆ ಹಿಟ್ಟಿಗೆ ಮಾಗಿದ ಹಣ್ಣಿನ ಪರಿಮಳ ಇರುತ್ತದೆ. ಹುಳಿ ಮುಂದೆ ಹೋದರೆ ಹಾಳೆಯಲ್ಲಿ ಹೇಳಿದ ಅರ್ಧ ಚಮಚ ಸೋಡಾ ಅದನ್ನು ತಣಿಸಲು ಸಾಲುವುದಿಲ್ಲ. ನಾವು ಇಡ್ಲಿಗೆ, ದೋಸೆಗೆ ರುಬ್ಬಿದ ಹಿಟ್ಟು ಉದ್ದಿನಲ್ಲಿಯೂ ಅಕ್ಕಿಯಲ್ಲಿಯೂ ಇರುವ ಸೂಕ್ಷ್ಮಜೀವಿಗಳಿಂದಲೇ ರಾತ್ರಿ ಬೆಳಗಾಗುವುದರೊಳಗೆ ಉಬ್ಬುತ್ತದೆ; ಕುಮಟಾ, ಕಾರವಾರದ ಕೊಂಕಣಿ ಮನೆಗಳಲ್ಲಿ ಮಜ್ಜಿಗೆ, ಬೆಲ್ಲ, ಅವಲಕ್ಕಿ ಸೇರಿಸಿ ರುಬ್ಬಿ ಮಾಡುವ ಸುರ್ನಳಿ ದೋಸೆಯ ಹಿಟ್ಟೂ ಹಾಗೆಯೇ. ಮೈದಾಹಿಟ್ಟಿಗೆ ಬಾಳೆಹಣ್ಣು, ಮೊಸರು, ಸಕ್ಕರೆ ಹಾಕಿ ರಾತ್ರಿಯಿಡೀ ಇಟ್ಟು ಬೆಳಿಗ್ಗೆ ಕರಿಯುವ ಬನ್ಸ್ ನಮ್ಮ ಹೋಟೆಲುಗಳಲ್ಲಿ ದಿನನಿತ್ಯದ ತಿಂಡಿ. ನದಿಯಾಚೆ ಗೋವೆಯಲ್ಲಿ ಹಿಂದೆ ಪಾವಿನ ಹಿಟ್ಟನ್ನು ತೆಂಗಿನ ಕಳ್ಳಿನಿಂದಲೇ ಉಬ್ಬಿಸುತ್ತಿದ್ದರು, ಇಡ್ಲಿಯಂಥ ಸಾನ್ನಾಂ ಈಗಲೂ ಹಾಗೆ ಆಗುವುದುಂಟು. ಸಿಹಿಯೂ ಹುಳಿಯೂ ಒಂದೇ ಹಿಟ್ಟಿನಲ್ಲಿ ಕೂಡುವುದು ಈ ಕರಾವಳಿಗೆ ಹೊಸತಲ್ಲ. ಹೊಸತಾದದ್ದು, ಒಂದೇ ಹಿಟ್ಟನ್ನು ದಿನಗಟ್ಟಲೆ ಜೀವಂತ ಇಟ್ಟುಕೊಂಡು ಮುಂದಕ್ಕೆ ದಾಟಿಸುವ ಶಿಸ್ತು.

ಮೇ ತಿಂಗಳಲ್ಲಿ ನಾನು ದಿನಗಳನ್ನು ನನ್ನ ಮನೆಗೆ ಹೊಂದಿಸಿಕೊಂಡೆ. ಮೂರನೆಯ ದಿನ ಮೊದಲ ಉಣಿಸು, ಅಂದರೆ ಮೈದಾ, ಸಕ್ಕರೆ, ಹಾಲು ಸೇರಿಸುವುದು; ಆರನೆಯ ದಿನ ಎರಡನೆಯ ಉಣಿಸು ಮತ್ತು ಬೇಯಿಸುವಿಕೆ. ಆ ಬ್ರೆಡ್ಡಿನ ಬಗ್ಗೆ ನಾನು ಮನಸ್ಸು ತುಂಬಿ ಹೇಳಬಲ್ಲೆ. ಟಿನ್ನಿಗೆ ಅಂಟಿದ್ದ ದಾಲ್ಚಿನ್ನಿ ಸಕ್ಕರೆ ಕರಗಿ ಹೊರಮೈಯಲ್ಲಿ ತೆಳ್ಳಗಿನ, ಹಲ್ಲಿಗೆ ಸಿಕ್ಕರೆ ಕರುಕುರು ಎನ್ನುವ ಕವಚವಾಗಿತ್ತು. ಒಳಗಿನ ಭಾಗ ಒದ್ದೆಯೆನಿಸದ ಹಾಗೆ ಮೆತ್ತಗಿದ್ದು, ನುಂಗಿದ ಮೇಲೆ ಗಟ್ಟಿ ಮೊಸರಿನಂಥ ತಿಳಿಹುಳಿ ಸ್ವಲ್ಪ ಹೊತ್ತು ಉಳಿಯುತ್ತಿತ್ತು. ಅಂಗಡಿಯ ಸಿಹಿ ಬ್ರೆಡ್ಡು ಎರಡನೆಯ ದಿನಕ್ಕೆ ಒಣಗಿದರೆ ಇದು ಎರಡನೆಯ ದಿನ ಇನ್ನೂ ಚೆನ್ನಾಗಿತ್ತು, ಮೂರನೆಯ ದಿನವೂ ಮೃದುವಾಗಿಯೇ ಇತ್ತು. ನಮ್ಮ ಸೆಕೆಯಲ್ಲಿ ಅದಕ್ಕಿಂತ ಹೆಚ್ಚು ದಿನ ಹೊರಗೆ ಇಡುವ ಧೈರ್ಯವನ್ನು ನಾನು ಮಾಡಲಿಲ್ಲ.

ಬ್ರೆಡ್ ಎಂಬ ಹೆಸರನ್ನು ನಂಬಿ ಕೊಂಡವರಿಗೆ ಒಂದು ಮಾತನ್ನು ಹೇಳಲೇಬೇಕು: ಇದು ನಾದಿ, ಉಬ್ಬಿಸಿ, ಚಹಾದಲ್ಲಿ ಅದ್ದಿ ತಿನ್ನುವ ಬ್ರೆಡ್ಡಲ್ಲ. ಮೊಟ್ಟೆ, ಎಣ್ಣೆ, ಸಕ್ಕರೆ, ಬೇಕಿಂಗ್ ಪೌಡರ್ ಇಷ್ಟು ಬಿದ್ದ ಮೇಲೆ ಇದು ಕೇಕಿನ ಜಾತಿಗೇ ಸೇರಿತು. ಒಲೆಯೊಳಗೆ ಇದನ್ನು ಎತ್ತಿ ನಿಲ್ಲಿಸುವುದು ಬಹುಪಾಲು ಬೇಕಿಂಗ್ ಪೌಡರ್ ಮತ್ತು ಹಿಟ್ಟಿನ ಹುಳಿಯನ್ನು ಸೇರಿದ ಸೋಡಾ. ಹೆಪ್ಪು ಕೊಡುವುದು ರುಚಿಯನ್ನು, ಪರಿಮಳವನ್ನು, ಆ ತಾಳಿಕೆಯನ್ನು. ಅದಿಲ್ಲದೆ ಅದೇ ಅಳತೆಯಲ್ಲಿ ಒಮ್ಮೆ ಮಾಡಿ ಪಕ್ಕಪಕ್ಕದಲ್ಲಿ ಇಟ್ಟು ತಿಂದೆ. ಎತ್ತರ ಹೆಚ್ಚು ಕಡಿಮೆ ಅಷ್ಟೇ ಬಂತು, ಆದರೆ ಹೆಪ್ಪಿಲ್ಲದ್ದು ಬರಿಯ ದಾಲ್ಚಿನ್ನಿಯ ಕೇಕಾಗಿತ್ತು, ಎರಡನೆಯ ತುಂಡು ಬೇಕೆನಿಸಲಿಲ್ಲ.

ಹಾಳೆಯ ಮೇಲ್ಭಾಗದಲ್ಲಿ, ಇದು ಅಮಿಷ್ ಜನರ ಪುರಾತನ ಬ್ರೆಡ್ಡು ಎಂದು ಬರೆದಿತ್ತು. ಅಮಿಷರು ಯುರೋಪಿನಿಂದ ಹೋಗಿ 18ನೆಯ ಶತಮಾನದಿಂದ ಪೆನ್ಸಿಲ್ವೇನಿಯಾದಲ್ಲಿ ನೆಲೆಸಿದ, ಸರಳ ಬದುಕನ್ನು ವ್ರತದಂತೆ ಪಾಲಿಸುವ ಕ್ರೈಸ್ತ ಸಮುದಾಯ. ಹಿಟ್ಟನ್ನು ನೆರೆಯವರೊಂದಿಗೆ ಹಂಚಿಕೊಳ್ಳುವ ಗುಣ ಅವರಿಗೆ ಒಪ್ಪುತ್ತದೆಯಾದರೂ ಈ ಪಾಕಕ್ರಮ ಅವರಿಂದಲೇ ಬಂತೆನ್ನಲು ಗಟ್ಟಿ ಆಧಾರವಿಲ್ಲ. ಅಮೆರಿಕದ ಮೂಲ ಚೀಟಿಗಳಲ್ಲಿ ಒಂದು ಡಬ್ಬಿ ದಿಢೀರ್ ವೆನಿಲಾ ಪುಡಿಂಗ್ ಪುಡಿಯನ್ನು ಹಾಕಲು ಹೇಳಿರುತ್ತದೆ; ಅಂಥ ಪುಡಿ ಬಂದದ್ದೇ 20ನೆಯ ಶತಮಾನದಲ್ಲಿ. ನಮ್ಮ ಕಾರವಾರದ ಬಾಟಲಿಯಲ್ಲಿ ಅದರ ಜಾಗಕ್ಕೆ ಕಸ್ಟರ್ಡ್ ಪೌಡರ್ ಕೊಟ್ಟಿದ್ದಾರೆ. ಇದು ಸರಿಯಾದ ಬದಲಿಯೇ: ದಿಢೀರ್ ಪುಡಿಂಗ್ ಬಿಸಿಯಿಲ್ಲದೆ ಗಟ್ಟಿಯಾಗುತ್ತದೆ, ಕಸ್ಟರ್ಡ್‌ಗೆ ಬಿಸಿ ಬೇಕು, ಆ ಬಿಸಿ ಹೇಗೂ ಒಲೆಯಲ್ಲಿ ಸಿಗುತ್ತದೆ. ಹೆಪ್ಪನ್ನು ಎಲ್ಲಿಂದ ತಂದಿರಿ ಎಂದು ನಾನು ಕೇಳಿದಾಗ ಆಕೆ ಮುಚ್ಚುಮರೆಯಿಲ್ಲದೆ, “ಅಕ್ಕೋರೇ, ಅಂಗಡಿಯ ಒಣ ಯೀಸ್ಟನ್ನೇ ಹಾಲು, ಮೈದಾ, ಸಕ್ಕರೆಗೆ ಹಾಕಿ ಶುರು ಮಾಡಿದ್ದು, ಆಮೇಲೆ ಯೀಸ್ಟ್ ಮುಟ್ಟಲಿಲ್ಲ” ಎಂದರು. ಹೆಪ್ಪಿಗೆ ಇಲ್ಲದ ವಯಸ್ಸನ್ನು ಹೇಳಿ ಬೆಲೆ ಏರಿಸದ ಆ ಪ್ರಾಮಾಣಿಕತೆಯನ್ನು ನಾನು ಈ ಸೇವೆಯ ದೊಡ್ಡ ಗುಣವೆಂದು ಎಣಿಸುತ್ತೇನೆ.

ಹಾಳೆಯ ಉಳಿದ ನಿಷೇಧಗಳಿಗೆ ಕಾರಣ ಕೊಟ್ಟಿಲ್ಲ. ಲೋಹ ತಾಗಿಸಬಾರದು ಎಂಬುದು ಹಿತ್ತಾಳೆ, ತಾಮ್ರ, ಅಲ್ಯೂಮಿನಿಯಂ ಪಾತ್ರೆಗಳಿಗೆ ಸಲ್ಲುವ ಮಾತು; ಹುಳಿಪದಾರ್ಥವನ್ನು ಅವುಗಳಲ್ಲಿ ಇಡಬಾರದೆಂಬುದು ನಮ್ಮ ಮನೆಗಳಲ್ಲಿ ಎಲ್ಲರಿಗೂ ಗೊತ್ತು. ಸ್ಟೀಲ್ ಚಮಚದಿಂದ ಕದಡಿದರೆ ಏನೂ ಆಗುವುದಿಲ್ಲ. ಹಾಲನ್ನು ಕಾಯಿಸಿ ಪೂರ್ತಿ ತಣಿಸಿ ಹಾಕಬೇಕೆಂಬುದನ್ನು ಬರೆಯಬೇಕಿತ್ತು, ಏಕೆಂದರೆ ಬಿಸಿ ಹಾಲು ಯೀಸ್ಟನ್ನು ಕೊಲ್ಲುತ್ತದೆ. ಮುಚ್ಚಳವನ್ನು ಬಿಗಿಯಬಾರದೆಂಬುದನ್ನು ದಪ್ಪಕ್ಷರದಲ್ಲಿಯೇ ಬರೆಯಬೇಕಿತ್ತು. ಇನ್ನು ಇರುವೆ. ಇಷ್ಟು ಸಕ್ಕರೆಯ ಬಾಟಲಿಯನ್ನು ಕರಾವಳಿಯ ಅಡಿಗೆಮನೆಯಲ್ಲಿ ಬಯಲಿಗೆ ಇಟ್ಟರೆ ಏನಾಗುತ್ತದೆಂದು ಹೇಳಬೇಕಾಗಿಲ್ಲ; ತಟ್ಟೆಯಲ್ಲಿ ನೀರು ಹಾಕಿ ಅದರ ನಡುವೆ ಬಾಟಲಿಯನ್ನು ನಿಲ್ಲಿಸಿದ ಮೇಲೆ ನನಗೆ ನೆಮ್ಮದಿಯಾಯಿತು.

ಮಳೆಗಾಲ ಬೇರೆಯೇ ಪರೀಕ್ಷೆ. ವರ್ಷಕ್ಕೆ 3,000 ಮಿಲಿಮೀಟರಿಗಿಂತ ಹೆಚ್ಚು ಮಳೆ ಸುರಿಯುವ ಈ ಊರಿನಲ್ಲಿ ಜುಲೈ ತಿಂಗಳಿನಲ್ಲಿ ಚಪ್ಪಲಿಗೂ ಬೂಷ್ಟು ಬರುತ್ತದೆ. ನಾನು ಕದಡುವಾಗ ಬಾಟಲಿಯ ಕೊರಳಿಗೆ ಹತ್ತಿದ್ದ ಹಿಟ್ಟನ್ನು ಒರೆಸದೆ ಬಿಟ್ಟಿದ್ದೆ. ಎರಡು ದಿನದಲ್ಲಿ ಅಲ್ಲಿ ಹಸಿರುಬೂದಿ ಬಣ್ಣದ ಬೂಷ್ಟು ಕಾಣಿಸಿತು. ಮೇಲಿನದನ್ನು ತೆಗೆದು ಕೆಳಗಿನದನ್ನು ಉಳಿಸಿಕೊಳ್ಳುವ ಆಸೆಯಾದರೂ ಕಣ್ಣಿಗೆ ಕಾಣುವುದು ಬೂಷ್ಟಿನ ಒಂದು ಭಾಗ ಮಾತ್ರ, ಅದರ ಎಳೆಗಳು ಕೆಳಗೂ ಇಳಿದಿರಬಹುದು ಎಂದು ಪೂರ್ತಿ ಚೆಲ್ಲಿದೆ. ಬೂಷ್ಟು, ಗುಲಾಬಿ ಅಥವಾ ಕಿತ್ತಳೆ ಬಣ್ಣದ ಗೆರೆ, ಕೊಳೆತ ವಾಸನೆ, ಈ ಮೂರರಲ್ಲಿ ಒಂದು ಕಂಡರೂ ಚೆಲ್ಲಬೇಕು. ಮೇಲೆ ನಿಲ್ಲುವ ತಿಳಿನೀರು ಮತ್ತು ಕಳ್ಳಿನ ವಾಸನೆಗೆ ಹೆದರಬೇಕಾಗಿಲ್ಲ. ಹಸಿ ಹಿಟ್ಟನ್ನು ಮಕ್ಕಳು ಬೆರಳಲ್ಲಿ ನೆಕ್ಕಿ ನೋಡದಂತೆಯೂ ಎಚ್ಚರ ಬೇಕು. ಬಾಟಲಿ ಸತ್ತ ಸುದ್ದಿ ಹೇಳಲು ಹೋದಾಗ ಆಕೆ ಹೊಸ ಹೆಪ್ಪನ್ನು ಕೊಟ್ಟರು, ಹಣ ಮುಟ್ಟಲಿಲ್ಲ. “ಹೆಪ್ಪಿಗೆ ದುಡ್ಡು ತಗೊಳ್ಳೋದು ಒಂದೇ ಸಲ, ಅಕ್ಕೋರೇ” ಎಂಬುದು ಅವರ ನಿಯಮ. ಅದೇ ತಿಂಗಳು ಇನ್ನೊಂದು ಸಲ, ಬ್ರೆಡ್ಡು ಒಳಗಿದ್ದು 35 ನಿಮಿಷವಾದಾಗ ವಿದ್ಯುತ್ತು ಹೋಗಿ ನಡುಭಾಗ ಕುಸಿಯಿತು. ಅಂದಿನಿಂದ ಮಳೆಗಾಲದಲ್ಲಿ ಓವನ್ನನ್ನು ನಂಬದೆ, ದಪ್ಪ ತಳದ ಕುಕ್ಕರಿನಲ್ಲಿ ಉಪ್ಪು ಹರಡಿ, ಗ್ಯಾಸ್ಕೆಟ್ ಮತ್ತು ಸೀಟಿ ತೆಗೆದು, ಸಣ್ಣ ಉರಿಯಲ್ಲಿ ಬೇಯಿಸುತ್ತೇನೆ. ಮೇಲ್ಭಾಗ ಕೆಂಪಾಗುವುದಿಲ್ಲ ಎಂಬುದನ್ನು ಬಿಟ್ಟರೆ ಬೇರೆ ಕೊರತೆಯಿಲ್ಲ.

ಸೆಪ್ಟೆಂಬರಿನಲ್ಲಿ ಶಿರಸಿಯ ನನ್ನ ಗೆಳತಿಗೆ ಒಂದು ಪಾಲನ್ನು ಒಯ್ದೆ. ಅಂಕೋಲೆ ದಾಟಿ ಕುಮಟಾದಲ್ಲಿ ಬಸ್ಸು ಬದಲಿಸುವಾಗ ಮುಚ್ಚಳ ತಿರುಗಿಸಿದರೆ ಸೋಡಾ ಬಾಟಲಿಯ ಹಾಗೆ ಸದ್ದು ಮಾಡಿತು. ದೇವಿಮನೆ ಘಟ್ಟ ಹತ್ತುವಷ್ಟು ಹೊತ್ತೂ ಅದನ್ನು ಮಡಿಲಲ್ಲಿಟ್ಟು ಮುಚ್ಚಳವನ್ನು ಸಡಿಲವಾಗಿಯೇ ಹಿಡಿದುಕೊಂಡೆ. ಗೆಳತಿಯದು ಹವ್ಯಕರ ಮನೆ, ಮೊಟ್ಟೆ ಒಳಗೆ ಬರುವುದಿಲ್ಲ. ಆಕೆ ಮೂರು ಮೊಟ್ಟೆಯ ಬದಲು ಮುಕ್ಕಾಲು ಕಪ್ ಗಟ್ಟಿ ಮೊಸರನ್ನೂ ಒಂದು ಕಳಿತ ಬಾಳೆಹಣ್ಣನ್ನೂ, ಬ್ರೆಡ್ಡಿನ ಸಕ್ಕರೆಯಲ್ಲಿ ಅರ್ಧದ ಬದಲಿಗೆ ಜೋನಿಬೆಲ್ಲವನ್ನೂ ಹಾಕಿದಳು. ಮೊಸರಿನಿಂದ ಹುಳಿ ಹೆಚ್ಚಿತಾದ್ದರಿಂದ ಸೋಡಾವನ್ನು ಕಾಲು ಚಮಚ ಏರಿಸಿ, ಬೆಲ್ಲದ ನೀರಿನಂಶಕ್ಕಾಗಿ ಹಾಲನ್ನು ತಗ್ಗಿಸಿದಳು. ದಾಲ್ಚಿನ್ನಿಯ ಜೊತೆಗೆ ಏಲಕ್ಕಿಯೂ ಬಿತ್ತು. ಕಾಫಿಬಣ್ಣಕ್ಕೆ ತಿರುಗಿದ ಆ ಬ್ರೆಡ್ಡು ಎತ್ತರದಲ್ಲಿ ನನ್ನದಕ್ಕಿಂತ ಒಂದು ಬೆರಳು ಕಡಿಮೆ, ಆದರೆ ರುಚಿಯಲ್ಲಿ ಮೂಲದ್ದನ್ನು ಮೀರಿಸಿತ್ತು. ಜೋನಿಬೆಲ್ಲದ ಗಾಢವಾದ ಸಿಹಿ ಹೆಪ್ಪಿನ ಹುಳಿಯನ್ನು ಅಡಗಿಸುವುದಿಲ್ಲ, ಅದನ್ನು ತುಂಬಿಸಿ ಕೊಡುತ್ತದೆ. ಹೆಪ್ಪಿನ ಬಾಟಲಿಗೆ ಮಾತ್ರ ಬೆಲ್ಲ ಹಾಕದೆ ಸಕ್ಕರೆಯಲ್ಲಿಯೇ ಇರಿಸಿದ್ದೇವೆ.

ದಿನಗಳ ಲೆಕ್ಕ ಶಿರಸಿಯಲ್ಲಿ ಬೇರೆಯಾಯಿತು. ಸಮುದ್ರಮಟ್ಟದಿಂದ ಸುಮಾರು 600 ಮೀಟರ್ ಎತ್ತರದ ಆ ಊರಿನಲ್ಲಿ ಸೆಪ್ಟೆಂಬರಿನಲ್ಲಿ ಹಿಟ್ಟು ಎಂಟನೆಯ ದಿನಕ್ಕೆ ಹದಕ್ಕೆ ಬಂದರೆ, ಡಿಸೆಂಬರಿನ ಚಳಿಯಲ್ಲಿ ಹಾಳೆಯಲ್ಲಿದ್ದ ಹತ್ತು ದಿನವೇ ಸರಿಹೋಯಿತು. ಒಂದೇ ಬಾಟಲಿಯಿಂದ ಹೊರಟ ಹೆಪ್ಪು, ಒಂದೇ ಜಿಲ್ಲೆ, ಘಟ್ಟದ ಕೆಳಗೆ ಆರು ದಿನ, ಮೇಲೆ ಹತ್ತು ದಿನ. ಇದನ್ನು ಕೊಳ್ಳುವವರು ಹಾಳೆಯ ಅಂಕಿಗಿಂತ ಹಿಟ್ಟಿನ ಮುಖವನ್ನು ನೋಡಬೇಕು: ಮೇಲ್ಮೈ ತುಂಬ ಗುಳ್ಳೆ ಇದ್ದು, ವಾಸನೆ ಮಾಗಿದ ಹಣ್ಣಿನಂತಿದ್ದರೆ ಉಣಿಸಬೇಕು, ಗುಳ್ಳೆ ಇಳಿದು ಹುಳಿ ಮೂಗಿಗೆ ಚುಚ್ಚಿದರೆ ಆಗಲೇ ತಡವಾಯಿತೆಂದು ತಿಳಿಯಬೇಕು.

ಹಂಚುವುದರ ಬಗ್ಗೆ ನನಗೆ ಸ್ವಲ್ಪ ತಕರಾರಿದೆ. ಪ್ರತಿ ಮನೆಯೂ ಒಂದು ಪಾಲನ್ನು ಉಳಿಸಿಕೊಂಡು ಮೂರನ್ನು ಹಂಚಿದರೆ, ಮನೆಗಳು ಸುತ್ತಿಗೆ ನಾಲ್ಕು ಪಟ್ಟಾಗಿ, ಐದೇ ಸುತ್ತಿನಲ್ಲಿ 1,024 ಆಗುತ್ತವೆ. ಆರು ದಿನದ ಲೆಕ್ಕದಲ್ಲಿ ಅದಕ್ಕೆ ಬೇಕಾಗುವುದು ಒಂದು ತಿಂಗಳು. ನಮ್ಮ ಓಣಿ ಎರಡನೆಯ ಸುತ್ತಿಗೇ ತುಂಬಿಹೋಯಿತು. ಮೊದಲು ಸಂತೋಷದಿಂದ ಪಡೆದ ಪಕ್ಕದ ಮನೆಯವರು ಮೂರನೆಯ ಸಲ ಬಾಟಲಿ ಕಂಡು, “ಇನ್ನೂ ಹೋದ ಸಲದ್ದೇ ಇದೆ, ಅಕ್ಕೋರೇ” ಎಂದು ಸಂಕೋಚಪಟ್ಟರು. ಖರ್ಚೂ ಇದೆ: ಬ್ರೆಡ್ಡಿಗೆ ಹಾಕುವುದನ್ನು ಬಿಟ್ಟು ಹೆಪ್ಪಿನ ಉಣಿಸಿಗೇ ಒಂದು ಸುತ್ತಿಗೆ 400 ಗ್ರಾಂ ಸಕ್ಕರೆ, 250 ಗ್ರಾಂ ಮೈದಾ, ಸುಮಾರು ಅರ್ಧ ಲೀಟರ್ ಹಾಲು. ಹಾಗಾಗಿ ಈಗ ಎಲ್ಲವನ್ನೂ ಅರ್ಧಕ್ಕಿಳಿಸಿದ್ದೇನೆ. ಅರ್ಧ ಕಪ್ ಹೆಪ್ಪಿಗೆ ಎರಡು ಸಲವೂ ಅರ್ಧರ್ಧ ಕಪ್ಪಿನ ಉಣಿಸು. ಬಂದ ಎರಡೂವರೆ ಕಪ್ಪಿನಲ್ಲಿ ಒಂದು ಬ್ರೆಡ್ಡಿಗೆ, ಅರ್ಧ ನನಗೆ, ಉಳಿದ ಒಂದು ಯಾರಾದರೂ ಬಾಯಿಬಿಟ್ಟು ಕೇಳಿದವರಿಗೆ. ಕೇಳುವವರಿಲ್ಲದ ವಾರ ಅದನ್ನು ಬನ್ಸ್ ಹಿಟ್ಟಿಗೆ ಮೊಸರಿನ ಬದಲಾಗಿ ಬಳಸುತ್ತೇನೆ, ಬಾಳೆಹಣ್ಣಿನ ಜೊತೆ ಬಹಳ ಚೆನ್ನಾಗಿ ಹೊಂದುತ್ತದೆ. ಫ್ರಿಜ್ಜಿನಲ್ಲಿ ಇಡಬಾರದೆಂದು ಹಾಳೆ ಹೇಳಿದರೂ ಒಂದು ವಾರ ಇಟ್ಟು ತೆಗೆದರೆ ಒಂದು ದಿನ ಮಂಕಾಗಿದ್ದು ಮತ್ತೆ ಚೇತರಿಸಿಕೊಳ್ಳುತ್ತದೆ. ಫ್ರೀಜರಿನಲ್ಲಿ ತಿಂಗಳುಗಟ್ಟಲೆ ಮಲಗಿಸಿಯೂ ಇಡಬಹುದು. ಊರಿಗೆ ಹೋಗುವಾಗ ಇದೊಂದು ದಾರಿ ಇಲ್ಲದಿದ್ದರೆ ನಾನು ಈ ಬಾಟಲಿಯನ್ನು ಯಾರಿಗೂ ಶಿಫಾರಸು ಮಾಡುತ್ತಿರಲಿಲ್ಲ.

ಈ ಎಲ್ಲವನ್ನೂ ನಾನು ಬಾಟಲಿ ಮಾರಿದ ಆಕೆಯ ಮುಂದೆಯೂ ಹೇಳಿದೆ. ನವೆಂಬರಿನ ನಂತರ ಕೊಡುತ್ತಿರುವ ಹಾಳೆಯಲ್ಲಿ ಅಮಿಷರ ಪುರಾತನ ಬ್ರೆಡ್ಡು ಎಂಬ ಸಾಲಿಲ್ಲ, ದಿನಗಳಿಗೆ ಎರಡು ಕಾಲಮ್ಮುಗಳಿವೆ, ಒಂದರ ಮೇಲೆ ಕರಾವಳಿ ಎಂದೂ ಇನ್ನೊಂದರ ಮೇಲೆ ಘಟ್ಟದ ಮೇಲೆ ಎಂದೂ ಬರೆದಿದೆ. ಮೊಟ್ಟೆಯಿಲ್ಲದ ಅಳತೆಯೂ ಸೇರಿದೆ. ಬೂಷ್ಟು ಬಂದರೆ ಚೆಲ್ಲಿ ಎಂಬ ಸಾಲು ಇನ್ನೂ ಬಂದಿಲ್ಲ. ಮುಂದಿನ ಮಳೆಗಾಲಕ್ಕೆ ಮುಂಚೆ ಅದು ಬರಲೇಬೇಕೆಂದು ಮತ್ತೊಮ್ಮೆ ಹೇಳಿ ಬಂದಿದ್ದೇನೆ. ಈಗ ಕೊಳ್ಳುವವರು ಅಲ್ಲಿಯವರೆಗೆ ಆ ಸಾಲನ್ನು ತಾವೇ ಹಾಳೆಯ ಕೆಳಗೆ ಬರೆದುಕೊಂಡು, ತಂದ ದಿನಾಂಕವನ್ನು ಬಾಟಲಿಯ ಮೇಲೆ ಅಂಟಿಸಿ, ಮುಚ್ಚಳವನ್ನು ಅರ್ಧ ಸುತ್ತು ಸಡಿಲಿಸಿ ಇಡುವುದು ಒಳ್ಳೆಯದು.